ಖಾಲಿ ಬರುವ ಗಾಡಿಯಲ್ಲಿ ದರ್ಬಾರ್ ಸೀನು

ನಮ್ಮ ಕಂದಿಕೆರೆ ಕಡೆಯ ಹಳ್ಳಿಗಳಲ್ಲಿ ಹಳೆಯ ಟ್ರಂಕೊಂದನ್ನು ತೆಗೆಸಿದರೆ ಪಹಣಿ, ಲಗ್ನಪತ್ರಿಕೆಗಳ ನಡುವೆ ಒಂದೆರಡು ನಾಟಕದ ಕರಪತ್ರ ಸಿಕ್ಕೇ ಸಿಗುತ್ತವೆ. ಗುಲಾಬಿಯೋ ಹಳದಿಯೋ ಬಣ್ಣದ ತೆಳು ಕಾಗದ. ಮೇಲೆ ಗ್ರಾಮದೇವತೆಯ ಹೆಸರು, ಅದರ ಕೆಳಗೆ ದಪ್ಪಕ್ಷರದಲ್ಲಿ ‘ಕುರುಕ್ಷೇತ್ರ’. ಆಮೇಲೆ ಪಾತ್ರವರ್ಗ: ಕೃಷ್ಣ ಇಂಥವರು, ದುರ್ಯೋಧನ ಇಂಥವರು, ಇಬ್ಬರು ಭೀಮರು, ಮೂವರು ಅರ್ಜುನರು. ಪಾತ್ರಕ್ಕೆ ದುಡ್ಡು ಕಟ್ಟುವವರು ಹೆಚ್ಚಿದ್ದಾಗ ಒಂದೇ ಪಾತ್ರವನ್ನು ಅಂಕಕ್ಕೊಬ್ಬರಂತೆ ಹಂಚಿಕೊಳ್ಳುವುದು ನಮ್ಮಲ್ಲಿ ನಡೆದು ಬಂದದ್ದೇ. ಅದಾದ ಮೇಲೆ ಹಾರ್ಮೋನಿಯಂ ಮೇಷ್ಟ್ರ ಹೆಸರು, ತಬಲದವರ ಹೆಸರು, ಸೀನರಿ ಯಾರದು, ಮೈಕ್‌ಸೆಟ್ ಯಾರದು, ಅಂದಿನ ಅನ್ನಸಂತರ್ಪಣೆ ಯಾರ ಸೇವೆ. ಎಲ್ಲರಿಗೂ ಒಂದೊಂದು ಸಾಲು ಇದೆ.

ಗಾಡಿ ಯಾರದು ಎಂಬ ಸಾಲು ಮಾತ್ರ ನಾನು ನೋಡಿದ ಯಾವ ಕರಪತ್ರದಲ್ಲೂ ಇಲ್ಲ.

ಆದರೆ ಗಾಡಿ ಇಲ್ಲದೆ ಆ ನಾಟಕ ಇಲ್ಲ. ದರ್ಬಾರ್ ಸೀನು, ಕಾಡು ಸೀನು, ಬೀದಿ ಸೀನು, ಮುಂದಿನ ಪರದೆ, ಅಕ್ಕಪಕ್ಕದ ವಿಂಗುಗಳು, ಸಿಂಹಾಸನ, ಕಿರೀಟ ಭುಜಕೀರ್ತಿಗಳ ಪೆಟ್ಟಿಗೆ, ಗದೆಗಳ ಕಟ್ಟು. ಇವುಗಳಲ್ಲಿ ಯಾವುದೂ ಹಳ್ಳಿಯಲ್ಲಿ ಹುಟ್ಟುವುದಿಲ್ಲ. ಬಾಡಿಗೆಗೆ ತಿಪಟೂರಿನಿಂದಲೋ ತುಮಕೂರಿನಿಂದಲೋ ಬರಬೇಕು, ಮಾರನೆಯ ದಿನ ಹಿಂದಕ್ಕೆ ಹೋಗಬೇಕು. ಪರದೆ ಸುತ್ತಿದ ಕೋಲು ಗಾಡಿಗಿಂತ ಉದ್ದ, ಅದನ್ನು ಮಡಿಸುವಂತಿಲ್ಲ. ಮಳೆಗೆ ನೆನೆದರೆ ಬಣ್ಣ ಹೋಯಿತು, ಮುಳ್ಳಿಗೆ ಸಿಕ್ಕರೆ ಅರಮನೆಯ ಕಂಬ ಹರಿಯಿತು. ನಮ್ಮ ರಂಗಭೂಮಿಯ ಚರಿತ್ರೆ ನಟರ ಕೊರಳಿನ ಚರಿತ್ರೆಯಾಗಿ ಬರೆಸಿಕೊಂಡಿದೆ. ಈ ಕೋಲನ್ನು ಹೊತ್ತವರ ಕಡೆಯಿಂದ ನೋಡಿದರೆ ಅದು ಸ್ವಲ್ಪ ಬೇರೆಯಾಗಿ ಕಾಣುತ್ತದೆ.

ನಮ್ಮ ಭಾಗದಲ್ಲಿ ಮೊದಲು ಕಲೆ ನಡೆದುಕೊಂಡೇ ಹೋಗುತ್ತಿತ್ತು. ಅಡ್ಡೆ ದೇವರು ಒಂದೂರಿನಿಂದ ಇನ್ನೊಂದೂರಿಗೆ ಹೋಗುವುದು ಹೆಗಲ ಮೇಲೆ. ದೇವರ ಹಿಂದೆ ಮುಂದೆ ಅರೆ, ತಮಟೆ, ಚಿಟ್‌ಮೇಳದವರು. ಸೋಮನ ಕುಣಿತದ ಮರದ ಮುಖ ಎಷ್ಟೇ ಭಾರವಿದ್ದರೂ ಅದನ್ನು ಕಟ್ಟಿಕೊಂಡವನೇ ಅದಕ್ಕೆ ವಾಹನ. ವರ್ಷಕ್ಕೊಮ್ಮೆಯೋ ಎರಡು ವರ್ಷಕ್ಕೊಮ್ಮೆಯೋ ಸುಗ್ಗಿ ಮುಗಿದ ಮೇಲೆ ಬರುವ ಹೆಳವರು ಮಾತ್ರ ಎತ್ತಿನ ಮೇಲೆ ಕೂತು, ಗಂಟೆ ಅಲ್ಲಾಡಿಸುತ್ತ ಬಂದು, ಮನೆ ಮುಂದೆ ನಿಂತು ವಂಶಾವಳಿ ಹೇಳುತ್ತಿದ್ದರು. ಆ ಎತ್ತು ಅವರ ಸ್ವಂತದ್ದು. ಕಲಾವಿದನ ಸ್ವಂತ ವಾಹನ ಎಂಬುದಕ್ಕೆ ನನಗೆ ಗೊತ್ತಿರುವ ಅತಿ ಹಳೆಯ ಉದಾಹರಣೆ ಅದೇ. ಇವರಾರಿಗೂ ಹೇರು ಹೆಚ್ಚಿರಲಿಲ್ಲ. ಮೂಡಲಪಾಯದ ಆಟಕ್ಕೂ ವೇಷದ ಗಂಟು ಬೇಕಿತ್ತೇ ಹೊರತು ಊರಗಲದ ಪರದೆ ಬೇಕಿರಲಿಲ್ಲ. ಜಾಡಿಯೋ ಪಂಚೆಯೋ ಇಬ್ಬರು ಹಿಡಿದರೆ ತೆರೆ ಆಗುತ್ತಿತ್ತು.

ಹೇರನ್ನು ತಂದದ್ದು ಕಂಪನಿ ನಾಟಕ. ಕಂಪನಿಯನ್ನು ಊರೂರಿಗೆ ತಂದದ್ದು ರೈಲು. ಪಾರ್ಸಿ ಕಂಪನಿಗಳು ಬೊಂಬಾಯಿಯಿಂದ ಹೊರಟು ದೇಶವೆಲ್ಲ ಸುತ್ತಿದ್ದು, ಬಣ್ಣದ ಪರದೆಗಳ ಆ ಹುಚ್ಚನ್ನು ಎಲ್ಲ ಕಡೆ ಹಚ್ಚಿದ್ದು ಹಳಿಗಳ ಮೇಲೆ. ನಮ್ಮ ಜಿಲ್ಲೆಯ ಮಟ್ಟಿಗೆ ಇದರಲ್ಲಿ ಒಂದು ಸೊಗಸಾದ ಕಾಕತಾಳೀಯವಿದೆ. ಬೆಂಗಳೂರಿನಿಂದ ತುಮಕೂರಿಗೆ ಮೀಟರ್ ಗೇಜ್ ರೈಲು ಬಂದದ್ದು 1884ರಲ್ಲಿ. ಚಂದಣ್ಣ, ಅಬ್ದುಲ್ ಅಜೀಜ್ ಸಾಹೇಬ್ ಮೊದಲಾದವರು ಸೇರಿ ಗುಬ್ಬಿಯಲ್ಲಿ ಚನ್ನಬಸವೇಶ್ವರನ ಹೆಸರಿನಲ್ಲಿ ನಾಟಕ ಸಂಘ ಕಟ್ಟಿದ್ದೂ 1884ರಲ್ಲಿ. ಒಂದಕ್ಕೆ ಇನ್ನೊಂದು ಕಾರಣ ಎಂದು ಹೇಳಲಾರೆ. ಆದರೆ 1889ರ ಹೊತ್ತಿಗೆ ಹಳಿ ತಿಪಟೂರು, ಅರಸೀಕೆರೆ, ಬೀರೂರು, ದಾವಣಗೆರೆ ದಾಟಿ ಹರಿಹರ ಮುಟ್ಟಿತು. ಗುಬ್ಬಿಯಂಥ ಸಣ್ಣ ಊರಿನ ಸಂಘ ರಾಜ್ಯಕ್ಕೇ ಹೆಸರಾದ ಕಂಪನಿಯಾಗಿ ಬೆಳೆದದ್ದರಲ್ಲಿ ಊರ ಪಕ್ಕದ ಸ್ಟೇಷನ್ನಿಗೆ ಪಾಲೇ ಇಲ್ಲ ಎನ್ನುವುದೂ ಕಷ್ಟ.

1917ರಲ್ಲಿ ಗುಬ್ಬಿ ವೀರಣ್ಣನವರು ಕಂಪನಿಯ ಯಜಮಾನಿಕೆ ವಹಿಸಿಕೊಂಡ ಮೇಲೆ ಈ ಹೇರು ಇನ್ನಷ್ಟು ಬೆಳೆಯಿತು. 1934ರ ಅವರ ‘ಕುರುಕ್ಷೇತ್ರ’ದಲ್ಲಿ ರಂಗದ ಮೇಲೆ ನಿಜವಾದ ಆನೆ, ಕುದುರೆ, ರಥಗಳು ಬಂದವು. ನೂರಾರು ಜನರ ಒಂದು ಊರೇ ಅದರ ಅಡಿಗೆಮನೆ, ಬಟ್ಟೆಬರೆ, ಮಕ್ಕಳುಮರಿಗಳ ಸಮೇತ ಮೊಕ್ಕಾಮಿನಿಂದ ಮೊಕ್ಕಾಮಿಗೆ ಹೋಗುತ್ತಿತ್ತು. ಮನೆ ಬಿಟ್ಟು ಓಡಿಬಂದ ಹುಡುಗ ಬಿ.ವಿ. ಕಾರಂತ ಸೇರಿಕೊಂಡದ್ದು, ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರ ಜೊತೆ ಅವರ ಮಗ ಮುತ್ತುರಾಜ, ಅಂದರೆ ಮುಂದಿನ ರಾಜ್‌ಕುಮಾರ್, ಬೆಳೆದದ್ದು ಇಂಥ ಸಂಚಾರಿ ಊರಿನಲ್ಲೇ. ಈ ಕಥೆಯೆಲ್ಲ ಓದುಗರಿಗೆ ಗೊತ್ತಿರುವುದೇ, ಹಿಗ್ಗಿಸುವುದಿಲ್ಲ. ನನಗೆ ಬೇಕಾದದ್ದು ಅದರ ಅಂಚು. ರೈಲು ನಿಲ್ಲುವಲ್ಲಿ ಕಂಪನಿ ನಿಲ್ಲುತ್ತದೆ. ರೈಲಿಲ್ಲದ ಊರಿಗೆ ಏನು ಹೋಗುತ್ತದೆ?

ಚಿಕ್ಕನಾಯಕನಹಳ್ಳಿ ಪಟ್ಟಣಕ್ಕೆ ಇವತ್ತಿಗೂ ರೈಲಿಲ್ಲ. ತುರುವೇಕೆರೆಯವರಿಗೆ ಬಾಣಸಂದ್ರ, ನಮಗೆ ತಿಪಟೂರು. ಕಂದಿಕೆರೆ, ಹುಳಿಯಾರು, ಹಂದನಕೆರೆ ಕಡೆಯವರು ಕಂಪನಿ ನಾಟಕ ನೋಡಬೇಕೆಂದರೆ ಗಾಡಿ ಕಟ್ಟಿಕೊಂಡು ರೈಲಿನ ದಾರಿಯ ಊರಿಗೆ ಹೋಗಬೇಕಿತ್ತು. ಹೋದವರು ಬರಿಗೈಲಿ ಬರಲಿಲ್ಲ. ಹಾಡಿನ ಮಟ್ಟು ತಂದರು, ವೀರಣ್ಣನವರ ಹಾಸ್ಯದ ಧಾಟಿ ತಂದರು. ನಾವೂ ಆಡೋಣ ಎಂಬ ಆಸೆ ತಂದರು. ಕಂಪನಿ ಬಿಟ್ಟು ಬಂದ ನಟರು, ಪೇಟಿಯವರು ಹಳ್ಳಿಗಳಲ್ಲಿ ನಾಟಕ ಕಲಿಸುವ ಮೇಷ್ಟ್ರಾದರು. ಕಂಪನಿಗಳ ಹಳೆಯ ಪರದೆಗಳು, ಅವನ್ನು ನೋಡಿ ಬರೆದ ಹೊಸ ಪರದೆಗಳು ಬಾಡಿಗೆಯ ಸೀನರಿಗಳಾದವು. ಕಂಪನಿ ಹಳ್ಳಿಗೆ ಬರಲಿಲ್ಲ. ಅದರ ಪೆಟ್ಟಿಗೆ ಮಾತ್ರ ಬಂತು. ಪೆಟ್ಟಿಗೆ ಬರಲು ಗಾಡಿ ಬೇಕಾಯಿತು.

ಇಲ್ಲಿ ತೆಂಗು ಕಥೆಯೊಳಗೆ ಬರುತ್ತದೆ. ನಮ್ಮ ಸೀಮೆಯ ಕೊಬ್ಬರಿ ಆತುರದ ಬೆಳೆಯಲ್ಲ. ಕಾಯಿಯನ್ನು ಅಟ್ಟದ ಮೇಲೆ ಹತ್ತು ಹನ್ನೊಂದು ತಿಂಗಳು ಬಿಟ್ಟು, ಒಳಗಿನ ನೀರು ಇಂಗಿ, ಅಲ್ಲಾಡಿಸಿದರೆ ಗಡಗಡ ಎನ್ನುವ ಉಂಡೆ ಕೊಬ್ಬರಿಯಾದ ಮೇಲೆ ಸುಲಿದು, ಒಡೆದು, ಚೀಲ ತುಂಬಿ ತಿಪಟೂರಿಗೆ ಸಾಗಿಸಬೇಕು. ಅಲ್ಲಿನ ಹರಾಜು ಬಹುಕಾಲ ಬುಧವಾರ, ಶನಿವಾರ ನಡೆಯುತ್ತಿತ್ತು. ಕಂದಿಕೆರೆಯಿಂದ ಎತ್ತಿನ ಗಾಡಿಗೆ ಒಂದು ರಾತ್ರಿಯ ಹಾದಿ, ಮೇಲೆ ಸ್ವಲ್ಪ ಹಗಲು. ಗಾಡಿ ಹೋಗುವಾಗ ತುಂಬಿ ಹೋಗುತ್ತದೆ. ಬರುವಾಗ? ಉಪ್ಪು, ಬಟ್ಟೆ, ಸೀಮೆಎಣ್ಣೆ ಎಂದರೂ ಅರ್ಧ ಗಾಡಿ ತುಂಬದು.

ಆ ಖಾಲಿ ಜಾಗದಲ್ಲೇ ನಮ್ಮ ಕಡೆಗೆ ದರ್ಬಾರ್ ಸೀನು ಬಂತು. ಕೊಬ್ಬರಿ ಇಳಿಸಿದ ಗಾಡಿಗೆ ಪರದೆಯ ಕೋಲುಗಳನ್ನು ಉದ್ದಕ್ಕೆ ಕಟ್ಟಿ, ಖಾಲಿ ಗೋಣಿಚೀಲಗಳನ್ನೇ ಮೆತ್ತೆ ಮಾಡಿ, ಮೇಲೆ ಕಿರೀಟದ ಪೆಟ್ಟಿಗೆಯಿಟ್ಟು, ಅದರ ಮೇಲೆ ನಾಟಕದ ಹುಚ್ಚಿನ ಒಂದಿಬ್ಬರು ಹುಡುಗರು ಕೂತರೆ ಸಾಗಾಣಿಕೆ ಮುಗಿಯಿತು. ಇದಕ್ಕೆ ಬಾಡಿಗೆ ಎಂಬುದಿರಲಿಲ್ಲ. ಎತ್ತಿಗೆ ಹುಲ್ಲು ಹಿಂಡಿ, ಗಾಡಿಯವನಿಗೆ ಊಟ, ನಾಟಕದ ದಿನ ಮುಂದಿನ ಸಾಲಿನಲ್ಲಿ ಜಾಗ. ಲೆಕ್ಕಕ್ಕೆ ಬಾರದ ಕಾರಣಕ್ಕೇ ಇದು ಕರಪತ್ರಕ್ಕೂ ಬರಲಿಲ್ಲ ಎಂದು ನನ್ನ ಊಹೆ. ದುಡ್ಡು ಕೊಟ್ಟು ತರಿಸಿದ ಮೈಕಿಗೆ ಹೆಸರಿತ್ತು. ಸುಮ್ಮನೆ ಬಂದ ಗಾಡಿಗೆ ಇರಲಿಲ್ಲ.

ಹೊರಗಿನವರು ಇದನ್ನು ಗಮನಿಸದಿರಬಹುದು: ಹಳ್ಳಿ ನಾಟಕದ ತಾರೀಖು ಜಾತ್ರೆಯನ್ನಷ್ಟೇ ಅಲ್ಲ, ಕೊಬ್ಬರಿಯನ್ನೂ ಕೇಳಿ ನಿಗದಿಯಾಗುತ್ತಿತ್ತು. ರಾಗಿ ಒಕ್ಕಣೆ ಮುಗಿದಿರಬೇಕು, ಆಗ ಗಾಡಿಗೂ ಎತ್ತಿಗೂ ಬಿಡುವು. ಕೊಬ್ಬರಿ ಮಾರಿ ಕೈಯಲ್ಲಿ ಕಾಸಿರಬೇಕು, ಆಗ ಕೃಷ್ಣನ ಪಾತ್ರಕ್ಕೆ ದುಡ್ಡು ಕಟ್ಟುವವ ಸಿಗುತ್ತಾನೆ. ಸೀನು ಹರಾಜಿನ ಮಾರನೆಯ ದಿನಕ್ಕೆ ಬಂದರೆ ಒಳ್ಳೆಯದು. ಬೆಲೆ ಬಿದ್ದ ವರ್ಷ ನಾಟಕವೂ ಬಿದ್ದೀತು.

ನೋಡಲು ಬರುವವರೂ ಗಾಡಿಯಲ್ಲೇ. ಹೆಂಗಸರಿಗೆ, ಮುದುಕರಿಗೆ ಕಮಾನು ಗಾಡಿ. ಬಂದ ಗಾಡಿಗಳ ಕೊರಳು ಬಿಟ್ಟು, ಎತ್ತುಗಳನ್ನು ತೋಟದ ಅಂಚಿನ ಮರಕ್ಕೆ ಕಟ್ಟಿ, ಗಾಡಿಗಳನ್ನು ಬಯಲಿನ ಹಿಂಬದಿಗೆ ಸಾಲಾಗಿ ನಿಲ್ಲಿಸಿದರೆ ಅದೇ ಗ್ಯಾಲರಿ. ಟಿಕೆಟ್ಟಿಲ್ಲದ ಆ ಗ್ಯಾಲರಿಯಲ್ಲಿ ಮಕ್ಕಳು ದ್ರೌಪದಿಯ ಮಾನಭಂಗದ ಹೊತ್ತಿಗೆ ನಿದ್ದೆ ಹೋಗಿ, ಬೆಳಗಿನ ಜಾವ ಗದಾಯುದ್ಧಕ್ಕೆ ಎಚ್ಚರಾಗುತ್ತಿದ್ದವು.

ಇದನ್ನೆಲ್ಲ ಬರೀ ಹಳ್ಳಿಯ ಸಹಕಾರದ ಕಥೆಯಾಗಿ ಹೇಳುವುದು ಸುಲಭ. ಅಷ್ಟು ಸುಲಭವಿರಲಿಲ್ಲ. ಗಾಡಿ ಇದ್ದವರು ಯಾರು? ಎತ್ತು ಸಾಕುವಷ್ಟು ಹೊಲ, ಕೊಬ್ಬರಿ ಒಣಗಿಸುವಷ್ಟು ಅಟ್ಟ ಇದ್ದವರು. ಬಾಡಿಗೆಯಿಲ್ಲದ ಗಾಡಿಗೆ ಬೇರೆ ಬಗೆಯ ಬೆಲೆಯಿತ್ತು. ಗಾಡಿ ಕೊಟ್ಟವರ ಮಗನಿಗೆ ಕೊರಳು ಇಲ್ಲದಿದ್ದರೂ ಪಾತ್ರ ಬರುತ್ತಿತ್ತು. ಕಂದಗಳನ್ನು ಬಾಯಿಪಾಠ ಮಾಡಿದ ಕೂಲಿಯವನ ಮಗ ಬಾಗಿಲು ಕಾಯುವ ಸೇವಕನಾಗುತ್ತಿದ್ದ. ಕೇರಿಯವರು ತಮ್ಮದೇ ನಾಟಕ ಕಟ್ಟಿದಾಗ ಮೇಷ್ಟ್ರು ಸಿಕ್ಕರೂ, ಸೀನರಿ ಸಿಕ್ಕರೂ ಗಾಡಿಗಾಗಿ ಮತ್ತೆ ಅದೇ ಅಂಗಳದಲ್ಲಿ ನಿಲ್ಲಬೇಕಿತ್ತು. ದೇವರ ಮುಂದೆ ಅರೆ ತಮಟೆ ಬಾರಿಸಿದವರಂತೂ ಗಾಡಿಯ ಹಿಂದೆ ನಡೆದರು. ಗಾಡಿಯಲ್ಲಿ ಜಾಗವಿದ್ದಾಗಲೂ ನಡೆದರು. ಸ್ವಂತ ಗಾಡಿಯಿಲ್ಲದ ಕಲೆ ಎಷ್ಟು ಸ್ವತಂತ್ರ ಎಂಬುದು ಆಗಿನ ಪ್ರಶ್ನೆಯೂ ಹೌದು.

ಬಸ್ಸು ಬಂದದ್ದು ಇದನ್ನು ಸ್ವಲ್ಪ ಸಡಿಲಿಸಿತು. ಮೈಸೂರು ಸರ್ಕಾರ 1948ರ ಸೆಪ್ಟೆಂಬರ್ 12ರಂದು 120 ಬಸ್ಸುಗಳೊಡನೆ ಸಾರಿಗೆ ಇಲಾಖೆ ಶುರುಮಾಡಿತು. ಆದರೆ ತುಮಕೂರು ಜಿಲ್ಲೆಯಲ್ಲಿ ಖಾಸಗಿ ಬಸ್ಸಿನ ಕಾಲ ಆಮೇಲೂ ಮುಗಿಯಲಿಲ್ಲ, ಇಂದೂ ಪೂರ್ತಿ ಮುಗಿದಿಲ್ಲ. ಹಳ್ಳಿ ನಾಟಕಕ್ಕೆ ಖಾಸಗಿ ಬಸ್ಸು ಒಂದು ಅಂಚೆ ಕಚೇರಿಯೇ ಆಗಿತ್ತು. ತಿಪಟೂರಿನ ಪ್ರೆಸ್ಸಿನಲ್ಲಿ ಅಚ್ಚಾದ ಕರಪತ್ರದ ಕಟ್ಟು ಕಂಡಕ್ಟರನ ಕೈಲಿ ಬರುತ್ತಿತ್ತು. ಟೆಂಟ್ ಸಿನಿಮಾದ ರೀಲು ಡಬ್ಬಿಗಳ ಪಕ್ಕದಲ್ಲಿ, ಬಸ್ಸಿನ ಟಾಪಿನ ಮೇಲೆ, ತಬಲದ ಗಂಟು ಇರುತ್ತಿತ್ತು. ಮೇಷ್ಟ್ರು ತಾಲೀಮಿಗೆ ಬರುವುದು ಸಂಜೆಯ ಕೊನೇ ಬಸ್ಸಿಗೆ, ಹೋಗುವುದು ಮುಂಜಾನೆಯ ಮೊದಲ ಬಸ್ಸಿಗೆ. ಎಷ್ಟೋ ಊರುಗಳಲ್ಲಿ ತಾಲೀಮು ರಾತ್ರಿಯಿಡೀ ನಡೆದದ್ದಕ್ಕೆ ಭಕ್ತಿಗಿಂತ ಬಸ್ಸಿನ ವೇಳಾಪಟ್ಟಿ ಕಾರಣ.

ಬಸ್ಸಿನಲ್ಲಿ ಬಂದವರಲ್ಲಿ ಪಾತ್ರಧಾರಿ ಹೆಂಗಸರೂ ಇದ್ದರು. ದ್ರೌಪದಿ, ಕುಂತಿ, ರುಕ್ಮಿಣಿಯರ ಪಾತ್ರಕ್ಕೆ ಊರ ಹೆಣ್ಣುಮಕ್ಕಳನ್ನು ಹತ್ತಿಸುವ ಧೈರ್ಯ ನಮ್ಮವರಿಗೆ ಇರಲಿಲ್ಲ, ಈಗಲೂ ಕಡಿಮೆ. ತುಮಕೂರು, ಬೆಂಗಳೂರುಗಳಿಂದ ಕಲಾವಿದೆಯರನ್ನು ಕರೆಸುತ್ತಾರೆ. ಒಂದು ಬ್ಯಾಗು, ಅದರಲ್ಲಿ ಎರಡು ರೇಷ್ಮೆ ಸೀರೆ, ಸವರಿ, ಬಣ್ಣದ ಡಬ್ಬಿ. ಸಂಭಾವನೆ, ಬಸ್ ಚಾರ್ಜು ಬೇರೆ. ಅವರಿಗೆ ತಾಲೀಮಿಲ್ಲ. ಹತ್ತಾರು ಊರಿನ ಕುರುಕ್ಷೇತ್ರಗಳು ಅವರಿಗೆ ಬಾಯಿಪಾಠ. ರಾತ್ರಿಯಿಡೀ ನೂರಾರು ಗಂಡಸರ ಎದುರು ವಸ್ತ್ರಾಪಹರಣದ ದ್ರೌಪದಿಯಾಗಿ ನಿಂತು, ಬೆಳಗ್ಗೆ ಬಣ್ಣ ಒರೆಸಿಕೊಂಡು, ಗೇಟಿನಲ್ಲಿ ಒಬ್ಬರೇ ಬಸ್ಸಿಗೆ ಕಾಯಬೇಕು. ಬಸ್ಸು ತಪ್ಪಿದರೆ ಹಾಲಿನ ವ್ಯಾನು, ಅದೂ ತಪ್ಪಿದರೆ ಯಾವುದೋ ಬೈಕಿನ ಹಿಂದಿನ ಸೀಟು. ಈ ಬೆಳಗಿನ ಹಾದಿಯ ಬಗ್ಗೆ ನಮ್ಮ ರಂಗ ಇತಿಹಾಸಕಾರರು ಒಂದು ಅಧ್ಯಾಯ ಬರೆಯಬಹುದಿತ್ತು. ಗುಬ್ಬಿ ಕಂಪನಿಯಲ್ಲಿ ಬಿ. ಜಯಮ್ಮನವರಂಥ ನಟಿಯ ಸುತ್ತ ಕಂಪನಿಯೆಂಬ ಒಂದು ಊರಿತ್ತು. ಹಳ್ಳಿ ನಾಟಕದ ದ್ರೌಪದಿಗೆ ಆ ಊರಿಲ್ಲ, ಟಿಕೆಟ್ಟು ಮಾತ್ರ.

ಎತ್ತಿನ ಗಾಡಿಯ ಜಾಗಕ್ಕೆ ಆಮೇಲೆ ಟೈರಿನ ಗಾಡಿ, ಲಾರಿ, ಟ್ರಾಕ್ಟರು ಬಂದವು. ಖಾಲಿ ಬರುವ ಗಾಡಿಯ ನಿಯಮ ಬದಲಾಗಲಿಲ್ಲ. ಕೊಬ್ಬರಿ ಇಳಿಸಿದ ಲಾರಿ, ಇಟ್ಟಿಗೆ ಇಳಿಸಿದ ಟ್ರಾಲಿ. ಸೀನಿನ ಜೊತೆ ಈಗ ಇಬ್ಬರಲ್ಲ, ಇಪ್ಪತ್ತು ಜನ ಹತ್ತಿದರು. ಪಕ್ಕದೂರಿನ ಜಾತ್ರೆಗೆ ನಾಟಕ ಆಡಲು ಹೋಗುವ ಇಡೀ ಮಂಡಳಿ ಒಂದೇ ಟ್ರಾಲಿಯಲ್ಲಿ, ಬಣ್ಣ ಹಚ್ಚಿಕೊಂಡೇ ಹೋಗುವುದೂ ಉಂಟು. ಅರೆಗತ್ತಲಲ್ಲಿ ಎದುರಿಗೆ ಭೀಮ, ಶಕುನಿ, ಅಭಿಮನ್ಯು ಟ್ರಾಕ್ಟರಿನಲ್ಲಿ ಬೀಡಿ ಸೇದುತ್ತ ಬರುವುದನ್ನು ಕಂಡವರಿಗೆ ಆ ಸಂತೋಷ ಹೇಳಬೇಕಾಗಿಲ್ಲ.

ಕಾನೂನಿಗೆ ಇದು ಬೇರೆಯಾಗಿ ಕಾಣುತ್ತದೆ. ಸರಕಿನ ವಾಹನದಲ್ಲಿ ಜನ ಹೋಗುವಂತಿಲ್ಲ, ವ್ಯವಸಾಯದ ಟ್ರಾಲಿಯಲ್ಲಂತೂ ಇಲ್ಲವೇ ಇಲ್ಲ. ಹೋದವರಿಗೆ ಏನಾದರೂ ಆದರೆ ಪರಿಹಾರ ಯಾರು ಕೊಡಬೇಕು ಎಂಬುದರ ಮೇಲೆ ದೇಶದ ನ್ಯಾಯಾಲಯಗಳು ವರ್ಷಗಟ್ಟಲೆ ತಲೆ ಕೆಡಿಸಿಕೊಂಡಿವೆ. 1988ರ ಮೋಟಾರು ವಾಹನ ಕಾಯ್ದೆಗೆ 1994ರಲ್ಲಿ ತಿದ್ದುಪಡಿಯಾಗಿ, ಸರಕಿನ ಜೊತೆ ಹೋಗುವ ಸರಕಿನ ಮಾಲೀಕ ಅಥವಾ ಅವನ ಪ್ರತಿನಿಧಿಗೆ ಕಡ್ಡಾಯ ವಿಮೆಯ ರಕ್ಷಣೆ ಸಿಕ್ಕಿತು. ಉಳಿದವರು? 1999ರಲ್ಲಿ ಸುಪ್ರೀಂ ಕೋರ್ಟು ಅವರಿಗೂ ವಿಮಾ ಕಂಪನಿಯೇ ಪರಿಹಾರ ಕೊಡಬೇಕು ಎಂದಿತ್ತು. 2002ರಲ್ಲಿ ಆಶಾ ರಾಣಿ ಪ್ರಕರಣದಲ್ಲಿ ದೊಡ್ಡ ಪೀಠ ಅದನ್ನು ಅಳಿಸಿತು. ಸರಕಿನ ವಾಹನದಲ್ಲಿ ಪುಕ್ಕಟೆ ಹೋಗುವವರ ಹೊಣೆ ವಿಮೆಯದಲ್ಲ, ವಾಹನದ ಮಾಲೀಕನದು. ಆಮೇಲಿನ ತೀರ್ಪುಗಳಲ್ಲಿ ಸರಕಿನ ಮಾಲೀಕನೂ ಕ್ಯಾಬಿನ್ನಿನಲ್ಲಿ ಕೂತಿರಬೇಕು ಎಂಬ ಮಾತು ಬಂತು.

ಇದನ್ನು ನಮ್ಮ ಟ್ರಾಲಿಗೆ ಅನ್ವಯಿಸಿ ನೋಡಿ. ತನ್ನ ಪೇಟಿ ತಾನೇ ಹಿಡಿದು ಲಾರಿಯ ಕ್ಯಾಬಿನ್ನಿನಲ್ಲಿ ಕೂತ ಹಾರ್ಮೋನಿಯಂ ಮೇಷ್ಟ್ರು ಸರಕಿನ ಮಾಲೀಕ ಎನ್ನಿಸಿಕೊಳ್ಳಬಹುದೇನೋ. ಸೀನರಿಯ ಹುಡುಗ ಪ್ರತಿನಿಧಿ ಆಗಬಹುದು. ಹಿಂದೆ ಪರದೆಗಳ ಮೇಲೆ ಕೂತ ಕೃಷ್ಣ, ದುರ್ಯೋಧನ, ತಮಟೆಯವರು ಎಲ್ಲರೂ ಪುಕ್ಕಟೆ ಪ್ರಯಾಣಿಕರು. ದುರ್ಯೋಧನನ ಪಾತ್ರಕ್ಕೆ ಅವನು ಕಟ್ಟಿದ ದುಡ್ಡು ಅಲ್ಲಿ ಲೆಕ್ಕಕ್ಕಿಲ್ಲ. ಯಾವ ಗಾಡಿಯನ್ನು ಪ್ರೀತಿಯಿಂದ ಸುಮ್ಮನೆ ಕೊಟ್ಟರೋ, ಅಪಘಾತವಾದರೆ ಆ ಸುಮ್ಮನೆ ಎಂಬುದೇ ಸತ್ತವನ ಮನೆಯವರಿಗೂ ಗಾಡಿ ಕೊಟ್ಟವನಿಗೂ ಶತ್ರು. ಇತ್ತೀಚೆಗೆ ಟ್ರಾಕ್ಟರಿನವರು ಮಂಡಳಿ ಎಂದರೆ ಹಿಂದೇಟು ಹಾಕುತ್ತಾರೆ. ಅವರನ್ನು ದೂರಲಾರೆ.

ಈ ಹೇರಿನ ಸಮಸ್ಯೆಗೆ ಬೇರೆ ಕಡೆ ಎರಡು ಉತ್ತರ ಹುಡುಕಿದರು. ಒಂದು, ಹೇರನ್ನೇ ಬಿಟ್ಟುಬಿಡುವುದು. ಬಂಗಾಳದ ಬಾದಲ್ ಸರ್ಕಾರ್ ಎತ್ತಿಕೊಂಡು ಹೋಗಬಲ್ಲ, ಎಲ್ಲಿ ಬೇಕಾದರೂ ಬಗ್ಗಬಲ್ಲ, ಖರ್ಚಿಲ್ಲದ ಮೂರನೆಯ ರಂಗಭೂಮಿಯ ಮಾತಾಡಿದರು. 1975ರಲ್ಲಿ ಹುಟ್ಟಿದ ‘ಸಮುದಾಯ’ ಅಂಥ ಬೀದಿನಾಟಕವನ್ನು ಕನ್ನಡದ ಊರುಗಳಿಗೆ ಒಯ್ದಿತು. ಸೀನಿಲ್ಲ, ಕಿರೀಟವಿಲ್ಲ, ಬಸ್ಸಿನ ಟಿಕೆಟ್ಟೇ ಸಾಕು. ಅದೇ ದಶಕದಲ್ಲಿ ದಲಿತ ಸಂಘರ್ಷ ಸಮಿತಿಯ ಹಾಡುಗಳೂ ಒಂದು ತಮಟೆಯಷ್ಟೇ ಹೇರಿನೊಡನೆ ಕೇರಿಯಿಂದ ಕೇರಿಗೆ ನಡೆದವು. ಗಾಡಿಯ ಹಿಂದೆ ನಡೆದವರ ಮಕ್ಕಳು ಗಾಡಿಯೇ ಬೇಡವೆಂದರು. ಇನ್ನೊಂದು ಉತ್ತರ, ಸ್ವಂತ ವಾಹನ. 1985ರಿಂದ ನೀನಾಸಂ ತಿರುಗಾಟ, 1997ರಿಂದ ನಮ್ಮ ಪಕ್ಕದ ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿಯ ಶಿವಸಂಚಾರ, ನಟರನ್ನೂ ದೀಪಗಳನ್ನೂ ರಂಗಸಜ್ಜಿಕೆಯನ್ನೂ ತಾವೇ ಹೊತ್ತುಕೊಂಡು ಊರೂರು ತಿರುಗುವ ತಂಡಗಳಾದವು. ಎರಡೂ ಒಳ್ಳೆಯ ಉತ್ತರಗಳೇ. ನಮ್ಮ ಹಳ್ಳಿಗಳು ಎರಡನ್ನೂ ಮೆಚ್ಚಿ ನೋಡಿದವು, ಎರಡನ್ನೂ ಒಪ್ಪಲಿಲ್ಲ. ದರ್ಬಾರ್ ಸೀನಿಲ್ಲದ ದುರ್ಯೋಧನ ನಮ್ಮವರಿಗೆ ದುರ್ಯೋಧನನೇ ಅಲ್ಲ. ವರ್ಷಕ್ಕೆ ಒಂದು ರಾತ್ರಿ ಆಡುವವರಿಗೆ ಸ್ವಂತ ಲಾರಿಯೂ ಬೇಡ.

ಈಗ ಸೀನರಿಯವರೇ ವಾಹನ ಇಟ್ಟುಕೊಂಡಿದ್ದಾರೆ. 2005ರಲ್ಲಿ ಬಂದ ಟಾಟಾ ಏಸ್ ಎಂಬ ಪುಟ್ಟ ಗಾಡಿಯನ್ನು ಉತ್ತರದ ಕಡೆ ಚಿಕ್ಕ ಆನೆ ಎನ್ನುತ್ತಾರಂತೆ. ವೀರಣ್ಣನವರ ಕುರುಕ್ಷೇತ್ರದಲ್ಲಿ ಆನೆ ರಂಗದ ಮೇಲಿತ್ತು, ನಮ್ಮ ಕುರುಕ್ಷೇತ್ರದಲ್ಲಿ ಅದು ರಂಗದ ಹಿಂದೆ ನಿಂತಿರುತ್ತದೆ. ಮಧ್ಯಾಹ್ನ ಬರುತ್ತದೆ, ಸಂಜೆಯೊಳಗೆ ರಂಗ ಏಳುತ್ತದೆ, ಬೆಳಗ್ಗೆ ಮಂಗಳಾರತಿಯಾಗುವ ಮೊದಲೇ ಹಿಂದಿನ ಪರದೆ ಬಿಚ್ಚಲು ಶುರು. ಮಾರನೆಯ ರಾತ್ರಿಗೆ ಇನ್ನೊಂದು ಊರು ಕಾದಿದೆ. ಬಾಡಿಗೆಯಲ್ಲಿ ಸಾಗಾಣಿಕೆಯೂ ಸೇರಿದೆ. ಇನ್ನು ಯಾರ ಅಂಗಳದಲ್ಲೂ ನಿಲ್ಲಬೇಕಾಗಿಲ್ಲ. ಕೇರಿಯ ನಾಟಕಕ್ಕೂ ಊರ ನಾಟಕಕ್ಕೂ ಅದೇ ಗಾಡಿ, ಅದೇ ದರ. ಇದೊಂದಕ್ಕೇ ನಾನು ಆ ಪುಟ್ಟ ಗಾಡಿಗೆ ಕೈಮುಗಿದೇನು. ಕೊಬ್ಬರಿಯ ವಾರ ಯಾವುದು ಎಂದು ಈಗ ಯಾರೂ ಕೇಳುವುದಿಲ್ಲ.

ಕಳೆದ ಬೇಸಿಗೆಯಲ್ಲಿ ನೋಡಿದ ನಾಟಕ ಮುಗಿದದ್ದು ಬೆಳಗಿನ ಆರಕ್ಕೆ. ಪರದೆಗಳು ಸುತ್ತಿಕೊಂಡವು, ಸಿಂಹಾಸನ ತಲೆಕೆಳಗಾಗಿ ಗಾಡಿಯೇರಿತು. ಡ್ರೈವರಿನ ಪಕ್ಕದ ಒಂದೇ ಸೀಟಿಗೆ ಇಬ್ಬರಿದ್ದರು, ತುಮಕೂರಿಗೆ ಹೋಗಬೇಕಿದ್ದ ದ್ರೌಪದಿ ಮತ್ತು ವಯಸ್ಸಾದ ಮೇಷ್ಟ್ರು. ಮೇಷ್ಟ್ರು ಒಂದು ಗಳಿಗೆ ನಿಂತರು. ಆಮೇಲೆ ಪೇಟಿಯನ್ನು ಆಕೆಯ ತೊಡೆಯ ಮೇಲಿಟ್ಟು, ಬಾಗಿಲು ಹಾಕಿ, ತಾವು ಹಿಂದೆ ಹತ್ತಿ ದರ್ಬಾರ್ ಸೀನಿನ ಮೇಲೆ ಕೂತರು.